ಕೋರ್ಟು ದೂರ, ಊರು ಹತ್ತಿರ: ಚೀನೀ ವ್ಯಾಪಾರಿಗಳ ನಂಬಿಕೆಯ ಲೆಕ್ಕ

ಚೀನೀಯರ ವ್ಯಾಪಾರದ ಮಾತು ಬಂದಾಗಲೆಲ್ಲ ಎರಡು ವಿವರಣೆ ಕೇಳಿಬರುತ್ತದೆ. ಒಂದು, "ಅವರ ರಕ್ತದಲ್ಲೇ ವ್ಯಾಪಾರ ಇದೆ" ಅನ್ನುವುದು. ಇನ್ನೊಂದು ಸ್ವಲ್ಪ ಓದಿಕೊಂಡವರ ವಿವರಣೆ. ಚೀನಾದ ಪುರಾತನ ಚಿಂತಕ ಕನ್‌ಫ್ಯೂಷಿಯಸ್ ಕಲಿಸಿದ ಶಿಸ್ತು, ಹಿರಿಯರ ಮೇಲಿನ ಗೌರವ, ಉಳಿತಾಯದ ಬುದ್ಧಿ, ಇದೆಲ್ಲ ಸೇರಿ ಅವರು ಮೇಲೆ ಬಂದರು ಅನ್ನುವುದು. ಇಲ್ಲೊಂದು ತಮಾಷೆ ಇದೆ. ನೂರು ವರ್ಷದ ಹಿಂದೆ ಒಬ್ಬ ಹೆಸರಾಂತ ಜರ್ಮನ್ ಸಮಾಜಶಾಸ್ತ್ರಜ್ಞರು ಇದೇ ಕನ್‌ಫ್ಯೂಷಿಯಸ್‌ನನ್ನು ಮುಂದಿಟ್ಟು, ಚೀನಾದಲ್ಲಿ ಬಂಡವಾಳಶಾಹಿ ಯಾಕೆ ಬೆಳೆಯಲಿಲ್ಲ ಅಂತ ವಿವರಿಸಿದ್ದರು. 1980ರ ದಶಕದಲ್ಲಿ ತೈವಾನ್, ಹಾಂಗ್‌ಕಾಂಗ್, ಸಿಂಗಪುರ ಎದ್ದು ನಿಂತಾಗ ಅದೇ ಕನ್‌ಫ್ಯೂಷಿಯಸ್ ಬೆಳವಣಿಗೆಗೆ ಕಾರಣನಾದ. 1997ರಲ್ಲಿ ಏಷ್ಯಾದ ಹಣಕಾಸು ಬಿಕ್ಕಟ್ಟು ಬಂತು ನೋಡಿ, ಆಗ ಮತ್ತೆ ಅವನೇ ಅಪರಾಧಿ. ಬಡತನಕ್ಕೂ ಸಿರಿತನಕ್ಕೂ ದಿವಾಳಿಗೂ ಒಂದೇ ಕಾರಣ ಕೊಟ್ಟರೆ ಏನನ್ನೂ ವಿವರಿಸಿದ ಹಾಗೆ ಆಗಲಿಲ್ಲ, ಅಲ್ವಾ?

ನಾನು ಹೇಳಬೇಕೆಂದಿರುವುದು ಸರಳ. ಕೋರ್ಟು ಕೈಗೆ ಸಿಗದ, ಬ್ಯಾಂಕು ಬಾಗಿಲು ತೆರೆಯದ ಜಾಗಗಳಲ್ಲಿ ಇವರು ವ್ಯಾಪಾರ ಮಾಡಬೇಕಾಗಿ ಬಂತು. ಹಾಗಾಗಿ ಕೋರ್ಟಿನ ಕೆಲಸವನ್ನೂ ಬ್ಯಾಂಕಿನ ಕೆಲಸವನ್ನೂ ಊರಿನವರ ನಡುವಿನ ಮಾತಿಗೆ, ಮರ್ಯಾದೆಗೆ ಒಪ್ಪಿಸಿದರು. ಅದು ಚೆನ್ನಾಗಿ ನಡೆದ ಕಡೆ ಅದ್ಭುತವಾಗಿ ನಡೆಯಿತು. ಕೆಟ್ಟ ಕಡೆ ಎಷ್ಟು ಕೆಟ್ಟಿತು ಅನ್ನುವುದನ್ನೂ ಇವತ್ತು ನೋಡೋಣ. ಅದನ್ನು ಬಿಟ್ಟು ಬರೀ ಗೆದ್ದವರ ಕಥೆ ಹೇಳಿದರೆ ಅದು ಜಾಹೀರಾತಾಗುತ್ತದೆ.

ಮೊದಲು 'ಚೀನೀಯರು' ಅನ್ನುವ ಮಾತನ್ನೇ ಸ್ವಲ್ಪ ಬಿಡಿಸಬೇಕು. ಆಗ್ನೇಯ ಏಷ್ಯಾಕ್ಕೆ ವಲಸೆ ಹೋದವರಲ್ಲಿ ಬಹುಪಾಲು ಜನ ದಕ್ಷಿಣ ಚೀನಾದ ಎರಡೇ ಪ್ರಾಂತ್ಯಗಳ ಕರಾವಳಿಯವರು. ಒಂದು ಫುಜಿಯಾನ್, ಇನ್ನೊಂದು ಗುವಾಂಗ್‌ಡಾಂಗ್. ಅದರಲ್ಲೂ ಶಿಯಾಮೆನ್ ಸುತ್ತಲಿನ ಹೊಕ್ಕಿಯನ್ ಜನ, ಶಾಂತೌ ಸುತ್ತಲಿನ ತಿಯೋಚೂ ಜನ, ಕ್ಯಾಂಟನೀಸರು, ಹಕ್ಕಾಗಳು, ಹೈನಾನ್ ದ್ವೀಪದವರು. ಒಬ್ಬರ ಮಾತು ಇನ್ನೊಬ್ಬರಿಗೆ ಅರ್ಥವಾಗುತ್ತಿರಲಿಲ್ಲ. ಒಬ್ಬರನ್ನೊಬ್ಬರು ಅಷ್ಟೇನೂ ನಂಬುತ್ತಲೂ ಇರಲಿಲ್ಲ. 1854ರಲ್ಲಿ ಸಿಂಗಪುರದಲ್ಲಿ ಹೊಕ್ಕಿಯನ್ನರಿಗೂ ತಿಯೋಚೂಗಳಿಗೂ ದೊಡ್ಡ ಗಲಭೆಯೇ ನಡೆಯಿತು. ನೂರಾರು ಜನ ಸತ್ತರು. "ಚೀನೀಯರು ಚೀನೀಯರನ್ನು ನಂಬುತ್ತಾರೆ" ಅನ್ನುವವರಿಗೆ ಈ ಗಲಭೆಯನ್ನು ನೆನಪಿಸಬೇಕು. ನಂಬಿಕೆಯ ಗಡಿ ದೇಶದ್ದಲ್ಲ, ಮಾತೃಭಾಷೆಯದ್ದು. ಎಷ್ಟೋ ಸಲ ಒಂದೇ ತಾಲ್ಲೂಕಿನದ್ದು.

ಕಸುಬುಗಳೂ ಹಾಗೆಯೇ ಹಂಚಿಹೋಗಿದ್ದವು. ಸಿಂಗಪುರದಲ್ಲಿ ರಬ್ಬರು, ಆಮೇಲೆ ಬ್ಯಾಂಕು ಹೊಕ್ಕಿಯನ್ನರ ಕೈಯಲ್ಲಿ. ಅಕ್ಕಿ, ಮೆಣಸು, ಒಣಮೀನು ತಿಯೋಚೂಗಳದ್ದು. ಗಿರವಿ ಅಂಗಡಿ, ಔಷಧಿ ಅಂಗಡಿ ಹಕ್ಕಾಗಳದ್ದು. ಸೈಕಲ್ಲು, ರಿಕ್ಷಾ, ಅದರ ಬಿಡಿಭಾಗ ಹಿಂಗ್‌ಹುವಾ ಅನ್ನುವ ಚಿಕ್ಕ ಗುಂಪಿನದು. ಹೈನಾನಿನವರು ಕಾಫಿ ಅಂಗಡಿ ಇಟ್ಟರು. ಕಾಫಿ ಮಾಡುವ ಕಲೆ ಅವರ ಸಂಸ್ಕೃತಿಯಲ್ಲಿ ಇತ್ತಾ? ಇಲ್ಲವೇ ಇಲ್ಲ. ಅವರು ಬಂದದ್ದು ತಡವಾಗಿ. ಅಷ್ಟೊತ್ತಿಗೆ ಒಳ್ಳೆಯ ವ್ಯಾಪಾರಗಳನ್ನೆಲ್ಲ ಬೇರೆಯವರು ಹಿಡಿದುಬಿಟ್ಟಿದ್ದರು. ಉಳಿದದ್ದು ಬಿಳಿಯರ ಮನೆಯ ಅಡುಗೆ ಕೆಲಸ, ಹಡಗಿನ ಅಡುಗೆ ಕೆಲಸ. ಅಲ್ಲಿ ಕಾಫಿ, ಬ್ರೆಡ್ ಟೋಸ್ಟ್ ಕಲಿತರು, ಹೊರಗೆ ಬಂದು ಅಂಗಡಿ ತೆರೆದರು. ಇವತ್ತು ಸಿಂಗಪುರಕ್ಕೆ ಹೋದವರು ತೆಂಗಿನ ಹಾಲಿನ ಜಾಮ್ ಹಚ್ಚಿದ ಟೋಸ್ಟ್ ತಿಂದು ಫೋಟೋ ಹಾಕುತ್ತಾರಲ್ಲ, ಅದರ ಹಿಂದೆ ತಡವಾಗಿ ಬಂದ ಒಂದು ಜನಾಂಗದ ಕಥೆ ಇದೆ.

ಈಗ ನನಗೆ ತುಂಬಾ ಇಷ್ಟವಾದ ಭಾಗಕ್ಕೆ ಬರುತ್ತೇನೆ. ಇದನ್ನು ಸ್ವಲ್ಪ ನಿಧಾನವಾಗಿಯೇ ಹೇಳುತ್ತೇನೆ.

ಬ್ಯಾಂಕಾಕಿನಲ್ಲೋ ಪೆನಾಂಗಿನಲ್ಲೋ ಒಬ್ಬ ಕೂಲಿಯವನು ಇದ್ದಾನೆ ಅಂದುಕೊಳ್ಳಿ. ಊರಲ್ಲಿ ತಾಯಿ, ಹೆಂಡತಿ. ಅವನಿಗೆ ಓದು ಬರಹ ಬರುವುದಿಲ್ಲ. ಊರಿನ ಹತ್ತಿರ ಬ್ಯಾಂಕಿಲ್ಲ, ಹೇಳಿಕೊಳ್ಳುವಂಥ ಅಂಚೆಯೂ ಇಲ್ಲ. ದುಡ್ಡು ಹೇಗೆ ಕಳಿಸಬೇಕು? ಅವನು ತನ್ನ ಊರ ಕಡೆಯವರ ಅಂಗಡಿಗೆ ಹೋಗುತ್ತಾನೆ. ಅದು ದಿನಸಿ ಅಂಗಡಿಯೇ ಆಗಿರಬಹುದು. ಅಲ್ಲಿ ಪತ್ರ ಬರೆದುಕೊಡುವವನು ಇರುತ್ತಾನೆ. ಇಷ್ಟು ದುಡ್ಡು ಕಳಿಸಿದ್ದೇನೆ, ಇದರಲ್ಲಿ ಅಜ್ಜಿಗೆ ಇಷ್ಟು, ಚಿಕ್ಕಪ್ಪನಿಗೆ ಇಷ್ಟು, ಮಿಕ್ಕದ್ದು ಮನೆಗೆ ಅಂತ ಬರೆಸುತ್ತಾನೆ. ಲಕೋಟೆಯ ಮೇಲೆ ಮೊತ್ತ ಬರೆಯುತ್ತಾರೆ, ಒಂದು ಗುರುತಿನ ಅಕ್ಷರ ಮತ್ತು ಸಂಖ್ಯೆ ಹಾಕುತ್ತಾರೆ. ಇಂಥ ಪತ್ರಕ್ಕೆ 'ಚಿಯಾವ್‌ಪಿ' ಅಂತ ಹೆಸರು. ದುಡ್ಡೂ ಪತ್ರವೂ ಒಂದೇ.

ಶುರುವಿನಲ್ಲಿ ಇದನ್ನು ಹಡಗಿನಲ್ಲಿ ಹೋಗಿಬಂದು ಮಾಡುವ ಆಳುಗಳು ಸ್ವತಃ ಹೊತ್ತುಕೊಂಡು ಹೋಗುತ್ತಿದ್ದರು. ಆಮೇಲೆ ಅದಕ್ಕೇ ಅಂಗಡಿಗಳು ಹುಟ್ಟಿಕೊಂಡವು. ಇಲ್ಲೊಂದು ಸೂಕ್ಷ್ಮ ಇದೆ. ಹಡಗಿನಲ್ಲಿ ಹೋಗುತ್ತಿದ್ದದ್ದು ಪತ್ರಗಳ ಕಟ್ಟು ಮಾತ್ರ. ನಗದು ಹೋಗಲೇಬೇಕೆಂದಿರಲಿಲ್ಲ. ಬ್ಯಾಂಕಾಕಿನ ಅಂಗಡಿಯವನು ಕೂಡಿಬಂದ ಹಣದಲ್ಲಿ ಅಕ್ಕಿ ಕೊಂಡು ಹಾಂಗ್‌ಕಾಂಗಿಗೋ ಶಾಂತೌಗೋ ಕಳಿಸಬಹುದು. ಅಲ್ಲಿ ಅಕ್ಕಿ ಮಾರಿದ ದುಡ್ಡಿನಿಂದ ಅಲ್ಲಿನ ಪಾಲುದಾರ ಹಣ ಹಂಚುತ್ತಾನೆ. ಬಡವನ ಮನಿ ಆರ್ಡರು ದಾರಿಯಲ್ಲಿ ವ್ಯಾಪಾರಿಯ ಬಂಡವಾಳವೂ ಆಯಿತು. ಶಾಂತೌನಿಂದ ಆಳು ನಡೆದುಕೊಂಡು ಹಳ್ಳಿಗೆ ಹೋಗುತ್ತಿದ್ದ. ಅವನಿಗೆ ಪ್ರತಿ ಮನೆಯೂ ಗೊತ್ತು. ದುಡ್ಡು ಕೊಟ್ಟು, ಒಂದು ಚಿಕ್ಕ ಕಾಗದ ಕೊಟ್ಟು, ಅಲ್ಲೇ ಉತ್ತರ ಬರೆಸಿಕೊಂಡು ವಾಪಸು ಒಯ್ಯುತ್ತಿದ್ದ. ಆ ಉತ್ತರವೇ ರಸೀದಿ. ಅದು ಬ್ಯಾಂಕಾಕಿಗೆ ತಲುಪಿದಾಗಲೇ ವ್ಯವಹಾರ ಮುಗಿದ ಹಾಗೆ.

ಕೆಲವು ಅಂಗಡಿಗಳು ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿದ್ದವು. ಹೊಸದಾಗಿ ಬಂದವನ ಕೈಯಲ್ಲಿ ದುಡ್ಡಿಲ್ಲ, ಹಬ್ಬ ಹತ್ತಿರ ಬಂದಿದೆ ಅಂದರೆ ಅಂಗಡಿಯವನೇ ಮುಂಗಡ ಹಾಕಿ ಕಳಿಸುತ್ತಿದ್ದ. ಸಾಲಪತ್ರ ಇಲ್ಲ, ಅಡವು ಇಲ್ಲ. ಅವನು ಕೊಡದೆ ಓಡಿಹೋದರೆ? ಎಲ್ಲಿಗೆ ಓಡುತ್ತಾನೆ? ಅವನ ತಾಯಿಯ ಮನೆಯ ಬಾಗಿಲು ಅಂಗಡಿಯ ಆಳಿಗೆ ಗೊತ್ತು. ಊರಿಗೆಲ್ಲ ಸುದ್ದಿ ಹೋಗುತ್ತದೆ. ನಾವು ಇದನ್ನು ನಂಬಿಕೆ ಅಂತ ಮೆಚ್ಚಿ ಮಾತಾಡುತ್ತೇವೆ. ಒಳಗಡೆ ನೋಡಿದರೆ ಅದರಲ್ಲಿ ಬೇಕಾದಷ್ಟು ಹಿಡಿತವೂ ಇತ್ತು. ಅಂಥ ಪತ್ರಗಳಲ್ಲಿ ಸುಮಾರು 1,60,000 ಉಳಿದುಕೊಂಡಿವೆ. 2013ರಲ್ಲಿ ಯುನೆಸ್ಕೋ ಅವನ್ನು ತನ್ನ 'ವಿಶ್ವ ಸ್ಮೃತಿ' ಪಟ್ಟಿಗೆ ಸೇರಿಸಿತು. ರಾಜರ ಶಾಸನಗಳ ಜೊತೆ ಕೂಲಿಯವರ ಪತ್ರಗಳು ಕೂತಿವೆ. ನನಗೆ ಇದು ಬಹಳ ಖುಷಿ ಕೊಟ್ಟ ವಿಷಯ.

ಕೋರ್ಟಿನ, ಬ್ಯಾಂಕಿನ ಕೆಲಸವನ್ನು ಮರ್ಯಾದೆಗೆ ಒಪ್ಪಿಸಿದರು ಅಂದೆ. ಅದಕ್ಕೆ ತಾನ್ ಕಾ ಕೀ ಅವರ ಉದಾಹರಣೆ ಕೊಡಬೇಕು. 1874ರಲ್ಲಿ ಶಿಯಾಮೆನ್ ಪಕ್ಕದ ಜಿಮೇಯಲ್ಲಿ ಹುಟ್ಟಿದವರು. ಹದಿನಾರರ ಹರೆಯದಲ್ಲಿ, 1890ರಲ್ಲಿ, ಸಿಂಗಪುರಕ್ಕೆ ಬಂದು ಅಪ್ಪನ ಅಕ್ಕಿ ಅಂಗಡಿ ಸೇರಿದರು. ಮುಂದೆ ಅಪ್ಪನ ವ್ಯಾಪಾರ ಮುಳುಗಿತು. ಬ್ರಿಟಿಷರ ಕಾನೂನಿನ ಪ್ರಕಾರ ಅಪ್ಪನ ಸಾಲಕ್ಕೆ ಮಗ ಜವಾಬ್ದಾರನಲ್ಲ. ಆದರೂ ಅವರು ಅನಾನಸು ಡಬ್ಬಿ ಕಾರ್ಖಾನೆಯಲ್ಲಿ ದುಡಿದ ಹಣದಿಂದ ಆ ಸಾಲ ತೀರಿಸಿದರು. ಇದನ್ನು ಪಿತೃಭಕ್ತಿ ಅನ್ನಬಹುದು. ವ್ಯಾಪಾರಿಯ ಕಣ್ಣಿನಿಂದಲೂ ನೋಡಬಹುದು. ಕೊಡಬೇಕಾಗಿಲ್ಲದ ಸಾಲವನ್ನೇ ತೀರಿಸಿದವನಿಗೆ ಉದ್ರಿ ಕೊಡಲು ಯಾರು ತಾನೇ ಹಿಂದೆಮುಂದೆ ನೋಡುತ್ತಾರೆ? ರಬ್ಬರಿನಲ್ಲಿ ಅವರು ದೊಡ್ಡ ಸಾಹುಕಾರರಾದರು. 1921ರಲ್ಲಿ ಶಿಯಾಮೆನ್ ವಿಶ್ವವಿದ್ಯಾಲಯ ಕಟ್ಟಿಸಿದರು. ರಬ್ಬರಿನ ಬೆಲೆ ಕುಸಿದು, ಜಗತ್ತಿಗೆಲ್ಲ ಆರ್ಥಿಕ ಮುಗ್ಗಟ್ಟು ಬಂದು, 1934ರಲ್ಲಿ ಕಂಪನಿ ಬಾಗಿಲು ಹಾಕಿತು. ಊರ ಶಾಲೆಗಳಿಗೆ ಹಣ ಕೊಡುವುದನ್ನು ಮಾತ್ರ ಆ ಕಷ್ಟದಲ್ಲೂ ನಿಲ್ಲಿಸಲಿಲ್ಲ.

ಅದೇ ಮುಗ್ಗಟ್ಟಿನಲ್ಲಿ, 1932ರಲ್ಲಿ, ಸಿಂಗಪುರದ ಮೂರು ಹೊಕ್ಕಿಯನ್ ಬ್ಯಾಂಕುಗಳು ಒಂದಾಗಿ ಓಸಿಬಿಸಿ ಬ್ಯಾಂಕ್ ಆಯಿತು. ಮುಂದೆ ಅದನ್ನು ಬೆಳೆಸಿದವರು ತಾನ್ ಅವರ ಅಳಿಯ ಲೀ ಕಾಂಗ್ ಚಿಯಾನ್. ಊರ ನಂಬಿಕೆಯಲ್ಲೇ ಬೆಳೆದವರು ಅವಕಾಶ ಸಿಕ್ಕ ಕೂಡಲೇ ಷೇರು, ನಿರ್ದೇಶಕ ಮಂಡಳಿ, ಆಡಿಟ್ ಇರುವ ಬ್ಯಾಂಕು ಕಟ್ಟಿದರು ನೋಡಿ. ಸಂಸ್ಕೃತಿ ಅಡ್ಡ ಬರಲಿಲ್ಲ.

ಬ್ಯಾಂಕಿನ ವಿಷಯ ಬಂತಲ್ಲ, ಥಾಯ್ಲೆಂಡಿಗೆ ಹೋಗೋಣ. ಚಿನ್ ಸೋಫೋನ್‌ಪಾನಿಚ್. ಬ್ಯಾಂಕಾಕಿನ ಪಕ್ಕದ ಥೋನ್‌ಬುರಿಯಲ್ಲಿ ತಿಯೋಚೂ ಅಪ್ಪನಿಗೆ ಹುಟ್ಟಿದವರು. ಬಾಲ್ಯ ಕಳೆದದ್ದು ಶಾಂತೌ ಕಡೆ. ವಾಪಸು ಬಂದು ಚಿಕ್ಕಪುಟ್ಟ ಕೆಲಸ ಮಾಡುತ್ತಾ ವ್ಯಾಪಾರಕ್ಕೆ ಇಳಿದರು. 1944ರಲ್ಲಿ ಬ್ಯಾಂಕಾಕ್ ಬ್ಯಾಂಕ್ ಶುರುವಾದಾಗ ಅದರ ಸ್ಥಾಪಕರಲ್ಲಿ ಒಬ್ಬರು. 1952ರಿಂದ ಅದರ ಮುಖ್ಯಸ್ಥರು. ಯುರೋಪಿಯನ್ ಬ್ಯಾಂಕುಗಳು ಅಕ್ಕಿ ಗಿರಣಿಯ ತಿಯೋಚೂ ಮಾಲೀಕನಿಗೆ ಸಾಲ ಕೊಡಬೇಕಾದರೆ ಇಂಗ್ಲಿಷ್ ಲೆಕ್ಕಪತ್ರ ಕೇಳುತ್ತಿದ್ದವು, ಇಲ್ಲವೇ ಮಧ್ಯವರ್ತಿಯ ಜಾಮೀನು ಕೇಳುತ್ತಿದ್ದವು. ಚಿನ್ ಅವರಿಗೆ ಆ ಮಾಲೀಕ ಯಾರು, ಯಾರಿಂದ ಭತ್ತ ಕೊಳ್ಳುತ್ತಾನೆ, ಯಾರಿಗೆ ಬಾಕಿ ಇದ್ದಾನೆ ಅಂತ ಮೊದಲೇ ಗೊತ್ತು. 1954ರಲ್ಲಿ ಹಾಂಗ್‌ಕಾಂಗಿನಲ್ಲಿ ಶಾಖೆ ತೆರೆದರು. ಮಲೇಷ್ಯಾದ ರಾಬರ್ಟ್ ಕುವೋಕ್, ಇಂಡೋನೇಷ್ಯಾದ ಲಿಯೆಮ್ ಸಿಯೋ ಲಿಯೋಂಗ್ ಇಬ್ಬರೂ ಬೆಳೆಯುವ ಕಾಲದಲ್ಲಿ ಈ ಬ್ಯಾಂಕಿನ ಬೆಂಬಲ ಪಡೆದವರು. 1980ರ ದಶಕದ ಹೊತ್ತಿಗೆ ಇದು ಆಗ್ನೇಯ ಏಷ್ಯಾದ ಅತಿ ದೊಡ್ಡ ಬ್ಯಾಂಕು.

ಇಷ್ಟಕ್ಕೇ ನಿಲ್ಲಿಸಿದರೆ ಚಂದದ ಕಥೆ. ಇನ್ನೊಂದು ಮುಖ ಇದೆ. ಪೊಲೀಸ್ ದೊರೆ ಫಾವೋ ಅವರ ಗುಂಪಿನ ಜೊತೆ ಚಿನ್ ಅವರಿಗೆ ನಂಟಿತ್ತು. 1957ರಲ್ಲಿ ಫೀಲ್ಡ್ ಮಾರ್ಷಲ್ ಸರಿತ್ ಅಧಿಕಾರ ಹಿಡಿದಾಗ ಆ ಗುಂಪು ಬಿತ್ತು. ಚಿನ್ ಹಾಂಗ್‌ಕಾಂಗಿಗೆ ಹೋಗಿ ಕೆಲವು ವರ್ಷ ಅಲ್ಲೇ ಉಳಿಯಬೇಕಾಯಿತು. ಬ್ಯಾಂಕಿನ ಅಧ್ಯಕ್ಷರ ಕುರ್ಚಿಯಲ್ಲಿ ಯಾರು ಕೂತರು ಗೊತ್ತಾ? ಹೊಸ ಸರ್ಕಾರದ ಪ್ರಬಲ ಸೇನಾಧಿಕಾರಿ ಪ್ರಫಾಸ್. ಜನರಲ್‌ಗಳಿಗೆ ಮಂಡಳಿಯಲ್ಲಿ ಜಾಗ, ಬ್ಯಾಂಕಿಗೆ ರಕ್ಷಣೆ. ಊರ ನಂಟು ಸಾಲ ವಸೂಲಿಗೆ ಸಾಕು. ಬಂದೂಕು ಹಿಡಿದವನು ಬಾಗಿಲಿಗೆ ಬಂದರೆ ಅದು ಸಾಲದು. ಅದಕ್ಕೆ ಬೇರೆ ನಂಟು ಬೇಕು, ಮತ್ತು ಆ ನಂಟಿಗೆ ಬೆಲೆ ಇದೆ.

ಆ ಬೆಲೆ ಎಷ್ಟಾಗಬಹುದು ಅನ್ನುವುದಕ್ಕೆ ಲಿಯೆಮ್ ಅವರ ಬದುಕು ನೋಡಿ. 1916ರಲ್ಲಿ ಫುಜಿಯಾನಿನ ಫುಚಿಂಗ್‌ನಲ್ಲಿ ಹುಟ್ಟಿ, 1930ರ ದಶಕದ ಕೊನೆಗೆ ಜಾವಾದ ಕುಡುಸ್ ಪಟ್ಟಣಕ್ಕೆ ಬಂದವರು. ಕುಡುಸ್ ಲವಂಗದ ಸಿಗರೇಟಿಗೆ ಹೆಸರಾದ ಊರು. ಲವಂಗ ಮಾರಿದರು. ಡಚ್ಚರ ವಿರುದ್ಧ ಹೋರಾಡುತ್ತಿದ್ದ ಸೇನೆಗೆ ಸರಕು ಒದಗಿಸಿದರು. 1950ರ ದಶಕದಲ್ಲಿ ಮಧ್ಯ ಜಾವಾದ ಸೇನಾ ವಿಭಾಗಕ್ಕೆ ಸುಹಾರ್ತೋ ಅನ್ನುವ ಅಧಿಕಾರಿ ಮುಖ್ಯಸ್ಥರಾಗಿದ್ದರು. ಮುಂದೆ ಅದೇ ಸುಹಾರ್ತೋ ದೇಶದ ಅಧ್ಯಕ್ಷರಾದರು. ಆಮೇಲೆ ಲಿಯೆಮ್ ಅವರಿಗೆ ಲವಂಗ ಆಮದಿನ ಪರವಾನಗಿ ಸಿಕ್ಕಿತು. ಗೋಧಿ ಹಿಟ್ಟಿನ ಗಿರಣಿ ಬೊಗಸಾರಿ ಸಿಕ್ಕಿತು. ಅದರ ವ್ಯವಸ್ಥೆ ಕೇಳಿ. ಗೋಧಿ ತರಿಸಿ ಕೊಡುವುದು ಸರ್ಕಾರಿ ಸಂಸ್ಥೆ, ಹಿಟ್ಟು ಕೊಂಡು ಹಂಚುವುದೂ ಅದೇ ಸಂಸ್ಥೆ, ನಡುವೆ ಬೀಸುವುದಷ್ಟೇ ಲಿಯೆಮ್ ಅವರ ಕೆಲಸ. ಇಂಥ ಗಿರಣಿಯಲ್ಲಿ ನಷ್ಟ ಮಾಡಿಕೊಳ್ಳಬೇಕಾದರೆ ವಿಶೇಷ ಪ್ರತಿಭೆ ಬೇಕು! ಆ ಹಿಟ್ಟಿನ ಜೊತೆಗೆ ನೂಡಲ್ಸ್ ವ್ಯಾಪಾರ ಬೆಳೆಯಿತು. ಇಂಡೋಮಿ ಈಗ ಆಫ್ರಿಕಾದಲ್ಲೂ ಮನೆಮಾತು. ಅವರ 'ಬ್ಯಾಂಕ್ ಸೆಂಟ್ರಲ್ ಏಷ್ಯಾ' ಅನ್ನುವ ಬ್ಯಾಂಕಿನಲ್ಲಿ ಸುಹಾರ್ತೋ ಅವರ ಇಬ್ಬರು ಮಕ್ಕಳಿಗೆ ಒಟ್ಟು 30% ಪಾಲಿತ್ತು.

1998ರ ಮೇ ತಿಂಗಳು. ಇಂಡೋನೇಷ್ಯಾದ ದುಡ್ಡು ರೂಪಿಯಾ ನೆಲಕಚ್ಚಿದೆ. ಜಕಾರ್ತಾದಲ್ಲಿ ಚೀನೀಯರ ಅಂಗಡಿಗಳಿಗೆ ಬೆಂಕಿ ಹಾಕಿದರು. ಹೆಂಗಸರ ಮೇಲೆ ಅತ್ಯಾಚಾರಗಳು ನಡೆದವು. ಲಿಯೆಮ್ ಅವರ ಮನೆಯೂ ಸುಟ್ಟುಹೋಯಿತು. ಜನ ಬ್ಯಾಂಕಿನ ಮುಂದೆ ಸಾಲುಗಟ್ಟಿ ದುಡ್ಡು ವಾಪಸು ತೆಗೆದರು. ಬ್ಯಾಂಕು ಸರ್ಕಾರದ ವಶವಾಯಿತು. ಸುಹಾರ್ತೋ ಇಳಿದರು. ಲಿಯೆಮ್ ಸಿಂಗಪುರದಲ್ಲಿ ಉಳಿದು 2012ರಲ್ಲಿ ತೀರಿಕೊಂಡರು. ಇಲ್ಲಿ ಒಂದು ಮಾತು ಹೇಳಲೇಬೇಕು. ಆ ಬೆಂಕಿಯಲ್ಲಿ ಎಲ್ಲ ಕಳೆದುಕೊಂಡವರಲ್ಲಿ ಹೆಚ್ಚಿನವರು ಸುಹಾರ್ತೋ ಅವರ ಮುಖವನ್ನೇ ನೋಡಿರದ ಚಿಕ್ಕ ಅಂಗಡಿಯವರು. ಅರಮನೆಯ ನಂಟಿನ ಲಾಭ ಕೆಲವು ಮನೆಗಳಿಗೆ ಬಂತು. ಅದರ ಸಿಟ್ಟನ್ನು ಇಡೀ ಸಮುದಾಯ ಅನುಭವಿಸಿತು.

ಈ ವ್ಯಾಪಾರಿಗಳಿಗೂ ಚೀನಾದ ಬೆಳವಣಿಗೆಗೂ ಏನು ಸಂಬಂಧ ಅನ್ನುವುದು ಮುಂದಿನದು. ಭೂಪಟ ನೋಡಿದರೆ ಅರ್ಧ ಉತ್ತರ ಸಿಗುತ್ತದೆ. 1980ರಲ್ಲಿ ಚೀನಾ ನಾಲ್ಕು ವಿಶೇಷ ಆರ್ಥಿಕ ವಲಯ ತೆರೆಯಿತು. ಶೆಂಝೆನ್ ಇರುವುದು ಹಾಂಗ್‌ಕಾಂಗಿನ ಗಡಿಯಲ್ಲಿ. ಝುಹಾಯ್ ಮಕಾವಿನ ಪಕ್ಕದಲ್ಲಿ. ಶಿಯಾಮೆನ್ ಹೊಕ್ಕಿಯನ್ನರ ತವರು, ಎದುರಿಗೆ ತೈವಾನ್. ನಾಲ್ಕನೆಯದು ಶಾಂತೌ. ಶಾಂತೌನಲ್ಲಿ ಅಂಥದ್ದೇನಿತ್ತು? ತಿಯೋಚೂಗಳು. ಬ್ಯಾಂಕಾಕಿನ ಅರ್ಧ ವ್ಯಾಪಾರದ ಅಜ್ಜನ ಮನೆ ಅಲ್ಲಿತ್ತು. ಬೀಜಿಂಗಿನವರು ಯಾರ ದುಡ್ಡಿಗೆ ಬಾಗಿಲು ತೆರೆಯುತ್ತಿದ್ದಾರೆ ಅನ್ನುವುದು ಅವರಿಗೆ ಚೆನ್ನಾಗಿ ಗೊತ್ತಿತ್ತು. ಶೆಂಝೆನ್‌ನಲ್ಲಿ 0001 ಸಂಖ್ಯೆಯ ವಿದೇಶಿ ಹೂಡಿಕೆ ಪರವಾನಗಿ ಸಿಕ್ಕಿದ್ದು ಥಾಯ್ಲೆಂಡಿನ ಸಿಪಿ ಅನ್ನುವ ಉದ್ಯಮ ಗುಂಪಿಗೆ. 1921ರಲ್ಲಿ ಬ್ಯಾಂಕಾಕಿನ ಚೈನಾಟೌನಿನಲ್ಲಿ ಶಾಂತೌ ಕಡೆಯ ಅಣ್ಣತಮ್ಮಂದಿರು ತೆರೆದ ತರಕಾರಿ ಬೀಜದ ಅಂಗಡಿ ಅದರ ಮೂಲ. ಒಂದು ಅಮೆರಿಕನ್ ಧಾನ್ಯ ಕಂಪನಿಯ ಜೊತೆ ಸೇರಿ ಕೋಳಿ, ಹಂದಿಗಳ ಮೇವಿನ ಕಾರ್ಖಾನೆ ಹಾಕಿದರು. ಶಾಂತೌ ಪಕ್ಕದ ಚಾವ್‌ಝೌನಲ್ಲಿ ಹುಟ್ಟಿ ಹಾಂಗ್‌ಕಾಂಗಿನಲ್ಲಿ ಪ್ಲಾಸ್ಟಿಕ್ ಹೂವಿನಿಂದ ಶುರುಮಾಡಿ ಸಾಹುಕಾರರಾದ ಲೀ ಕಾ-ಶಿಂಗ್ 1981ರಲ್ಲಿ ಶಾಂತೌ ವಿಶ್ವವಿದ್ಯಾಲಯಕ್ಕೆ ಹಣ ಹಾಕಿದರು. ಅವರ ಕಥೆ ನಿಮಗೆಲ್ಲ ಗೊತ್ತಿರುತ್ತದೆ, ಬಿಟ್ಟುಬಿಡುತ್ತೇನೆ.

1990ರ ದಶಕದ ಮೊದಲ ವರ್ಷಗಳಲ್ಲಿ ಚೀನಾಕ್ಕೆ ಬಂದ ವಿದೇಶಿ ಹೂಡಿಕೆಯಲ್ಲಿ ಅರ್ಧಕ್ಕಿಂತ ಜಾಸ್ತಿ ಹಾಂಗ್‌ಕಾಂಗ್ ಮೂಲಕವೇ ಬಂತು. ಅದರಲ್ಲಿ ಸ್ವಲ್ಪ ಕಳ್ಳಾಟವೂ ಇತ್ತು. ಚೀನಾದ ದುಡ್ಡೇ ಹಾಂಗ್‌ಕಾಂಗಿಗೆ ಹೋಗಿ, ವಿದೇಶಿ ವೇಷ ಹಾಕಿಕೊಂಡು, ತೆರಿಗೆ ರಿಯಾಯಿತಿ ಪಡೆಯಲು ವಾಪಸು ಬರುತ್ತಿತ್ತು.

ತೈವಾನಿನ ಜಾಲ ಬೇರೆ ಬಗೆಯದು. ಅಲ್ಲಿ ದೊಡ್ಡ ಸಾಹುಕಾರರಿಗಿಂತ ಚಿಕ್ಕ ಮಾಲೀಕರೇ ಮುಖ್ಯ. 1980ರ ದಶಕದ ಆರಂಭದಲ್ಲಿ ರಫ್ತಿನ 60%ಕ್ಕಿಂತ ಜಾಸ್ತಿ ಚಿಕ್ಕ, ಮಧ್ಯಮ ಕಾರ್ಖಾನೆಗಳದ್ದು. ಯಾಕೆ ಹೀಗೆ? 1949ರಲ್ಲಿ ಚೀನಾದಿಂದ ಬಂದು ಆಳ್ವಿಕೆ ಹಿಡಿದವರ ಕೈಯಲ್ಲಿ ಸರ್ಕಾರ, ಸೇನೆ, ಬ್ಯಾಂಕು, ದೊಡ್ಡ ಉದ್ಯಮ ಎಲ್ಲ ಇತ್ತು. ಸ್ಥಳೀಯರಿಗೆ ಉಳಿದದ್ದು ಸಣ್ಣ ವ್ಯಾಪಾರ. ಸರ್ಕಾರಿ ಬ್ಯಾಂಕು ಜಮೀನು ಅಡವಿಟ್ಟರೆ ಮಾತ್ರ ಸಾಲ ಕೊಡುತ್ತಿತ್ತು. ಲೇತ್ ಮಷಿನ್ ಒಂದನ್ನು ನಂಬಿಕೊಂಡವನು ಎಲ್ಲಿಗೆ ಹೋಗಬೇಕು?

ಚೀಟಿಗೆ ಹೋಗುತ್ತಿದ್ದ. ಹೌದು, ನಮ್ಮ ಚೀಟಿಯೇ! ಹೆಸರು ಬೇರೆ, ಅಲ್ಲಿ 'ಹುಯ್' ಅನ್ನುತ್ತಾರೆ. ತಿಂಗಳಿಗಿಷ್ಟು ಹಾಕಬೇಕು, ಕೂಗಿ ಎತ್ತಬೇಕು, ಚೀಟಿ ನಡೆಸುವವರು ಮೊದಲ ತಿಂಗಳ ಪೂರ್ತಿ ಹಣ ತಗೋಬೇಕು. ಇಲ್ಲಿ ನಗುತ್ತಿರುವವರಲ್ಲಿ ಎಷ್ಟು ಜನ ಚೀಟಿ ಹಾಕಿದ್ದೀರೋ ನಾನು ಕೇಳುವುದಿಲ್ಲ. ಅಲ್ಲೂ ಇದನ್ನು ನಡೆಸುತ್ತಿದ್ದವರಲ್ಲಿ ಹೆಂಗಸರೇ ಜಾಸ್ತಿ. ನಾವು ಸಾಮಾನ್ಯವಾಗಿ ಮದುವೆಗೆ, ಮನೆಗೆ ಎತ್ತುತ್ತೇವೆ. ತೈವಾನಿನಲ್ಲಿ ಅದೇ ದುಡ್ಡು ಮಷಿನ್ನುಗಳಾಯಿತು.

ಇನ್ನೊಂದು ಸಾಧನ ಮುಂದಿನ ತಾರೀಖಿನ ಚೆಕ್. ಮೂರು ತಿಂಗಳು, ಆರು ತಿಂಗಳ ಚೆಕ್ ಕೊಟ್ಟು ಕಚ್ಚಾ ಮಾಲು ತರುತ್ತಿದ್ದರು. ಅದೇ ಚೆಕ್ಕನ್ನು ಮಾಲು ಕೊಟ್ಟವನು ಇನ್ನೊಬ್ಬನಿಗೆ ದಾಟಿಸುತ್ತಿದ್ದ. ಚೆಕ್ ಬೌನ್ಸ್ ಆದರೆ ಜೈಲು. 1987ರ ಆರಂಭದವರೆಗೂ ತೈವಾನಿನಲ್ಲಿ ಅದು ಕ್ರಿಮಿನಲ್ ಅಪರಾಧವಾಗಿತ್ತು. ಹೀಗಾಗಿ ಎಷ್ಟೋ ಗಂಡಂದಿರು ಚೆಕ್ ಖಾತೆಯನ್ನು ಹೆಂಡತಿಯ ಹೆಸರಲ್ಲಿ ತೆರೆದರು. ವ್ಯಾಪಾರ ಮುಳುಗಿದಾಗ ಜೈಲಿಗೆ ಹೋದವಳು ಹೆಂಡತಿ. ಕುಟುಂಬದ ವ್ಯಾಪಾರ, ಕುಟುಂಬದ ಮೌಲ್ಯ ಅಂತ ಹೊಗಳುವ ಭಾಷಣಗಳಲ್ಲಿ ಈ ಹೆಂಗಸರು ಬರುವುದೇ ಇಲ್ಲ. ನಂಬಿಕೆಯ ಜಾಲದ ಅಡಿಯಲ್ಲಿ ಪೊಲೀಸರೂ ಇದ್ದರು ಅನ್ನುವುದನ್ನೂ ಗಮನಿಸಿ.

ಎತ್ತಿನ ಬಾಲವಾಗುವುದಕ್ಕಿಂತ ಕೋಳಿಯ ತಲೆಯಾಗುವುದು ಮೇಲು ಅಂತ ಅಲ್ಲೊಂದು ಹಳೆಯ ಗಾದೆ. ಕಾರ್ಖಾನೆಯ ಮೇಸ್ತ್ರಿ ನಾಲ್ಕು ವರ್ಷ ಕೆಲಸ ಕಲಿತು ತಾನೇ ಶೆಡ್ಡು ಹಾಕುತ್ತಿದ್ದ. ಹಳೆಯ ಮಾಲೀಕ ಸಿಟ್ಟು ಮಾಡಿಕೊಳ್ಳುತ್ತಿದ್ದನೇ? ಎಷ್ಟೋ ಸಲ ಮೊದಲ ಆರ್ಡರು ಅವನೇ ಕೊಡುತ್ತಿದ್ದ. ಅವನಿಗೂ ಅನುಕೂಲ. ಕೆಲಸ ಜಾಸ್ತಿ ಬಂದಾಗ ಹಂಚಬಹುದು, ಕಡಿಮೆಯಾದಾಗ ಸಂಬಳದ ಹೊರೆ ಇಲ್ಲ. ಇಪ್ಪತ್ತು ಜನರ ಕಾರ್ಖಾನೆ ಎರಡು ಸಾವಿರ ಜನರ ಕೆಲಸದ ಆರ್ಡರು ಧೈರ್ಯವಾಗಿ ಹಿಡಿಯುತ್ತಿತ್ತು. ಮಾಲೀಕ ಫೋನ್ ಮಾಡಿ ಬಣ್ಣ ಹಚ್ಚುವವನಿಗೆ, ವೆಲ್ಡಿಂಗ್‌ನವನಿಗೆ, ಪ್ಯಾಕಿಂಗ್‌ನವನಿಗೆ ಹಂಚಿಬಿಡುತ್ತಿದ್ದ. 1970ರ ದಶಕದಲ್ಲಿ ಸರ್ಕಾರವೇ "ಮನೆಯ ಹಜಾರವನ್ನು ಕಾರ್ಖಾನೆ ಮಾಡಿ" ಅಂತ ಪ್ರಚಾರ ಮಾಡಿತು.

ತೈಚುಂಗ್ ಸುತ್ತಲಿನ ಸೈಕಲ್ ಉದ್ಯಮ ಇದರ ಒಳ್ಳೆಯ ಉದಾಹರಣೆ. ಕಿಂಗ್ ಲಿಯು ಅವರ ಹಾವುಮೀನು ಸಾಕಣೆ ಚಂಡಮಾರುತಕ್ಕೆ ಸಿಕ್ಕಿ ಹಾಳಾಯಿತು. 1972ರಲ್ಲಿ ಸ್ನೇಹಿತರ ಜೊತೆ ದಾಜಿಯಾ ಅನ್ನುವ ಊರಲ್ಲಿ ಜೈಂಟ್ ಸೈಕಲ್ ಕಂಪನಿ ಶುರುಮಾಡಿದರು. ಅಮೆರಿಕದ ಶ್ವಿನ್ ಕಂಪನಿಗೆ ಸೈಕಲ್ ಮಾಡಿಕೊಟ್ಟು ಬೆಳೆದರು. ಶ್ವಿನ್ ಆಮೇಲೆ ಅಗ್ಗದ ಮಾಲಿಗೆ ಶೆಂಝೆನ್ ಕಡೆ ತಿರುಗಿತು. ಜೈಂಟ್ ತನ್ನ ಹೆಸರಲ್ಲೇ ಮಾರಲು ನಿಂತಿತು. 1992ರಲ್ಲಿ ದಿವಾಳಿಯಾದದ್ದು ಶ್ವಿನ್. ಚೀನಾದ ಅಗ್ಗದ ಸೈಕಲ್ ತೈವಾನನ್ನೂ ನುಂಗುವ ಹಾಗೆ ಕಂಡಾಗ, 2003ರಲ್ಲಿ ಜೈಂಟ್ ಮತ್ತು ಅದರ ಎದುರಾಳಿ ಮೆರಿಡಾ ಒಟ್ಟಿಗೆ ಕೂತು, ಪೆಡಲ್, ಸೀಟು, ಫೋರ್ಕ್ ಮಾಡುವವರನ್ನು ಸೇರಿಸಿಕೊಂಡು 'ಎ-ಟೀಮ್' ಕಟ್ಟಿದರು. ಒಟ್ಟಿಗೆ ಟೊಯೋಟಾದ ಉತ್ಪಾದನಾ ಪದ್ಧತಿ ಕಲಿತು ದುಬಾರಿ ಸೈಕಲ್ಲಿನ ಕಡೆ ಹೊರಳಿದರು. ಎದುರಾಳಿಗಳು ಒಂದೇ ಬಿಡಿಭಾಗದವನ ಹತ್ತಿರ ಕೊಳ್ಳುತ್ತಾ, ಅವನನ್ನು ಇಬ್ಬರೂ ಸೇರಿ ಬೆಳೆಸುವುದು ಸಣ್ಣ ವಿಷಯವಲ್ಲ.

ಇದೇ ವಿಧಾನ ಕೈಮೀರಿ ಹೋದ ಊರು ಚೀನಾದ ವೆನ್‌ಝೌ. ಮೂರು ಕಡೆ ಬೆಟ್ಟ, ಒಂದು ಕಡೆ ಸಮುದ್ರ, ಹೊಲ ಕಡಿಮೆ. ತೈವಾನಿನ ಎದುರಿನ ಕರಾವಳಿ ಅಂತ ಮಾವೋ ಕಾಲದಲ್ಲಿ ಸರ್ಕಾರ ಅಲ್ಲಿ ಕಾರ್ಖಾನೆ ಹಾಕಲಿಲ್ಲ. ಜನ ಗುಂಡಿ, ಬೂಟು, ಲೈಟರ್ ಮಾರುತ್ತಾ ದೇಶವೆಲ್ಲ ಅಲೆದರು. 1980ರ ಡಿಸೆಂಬರ್‌ನಲ್ಲಿ ದೇಶದ ಮೊದಲ ಖಾಸಗಿ ವ್ಯಾಪಾರದ ಲೈಸೆನ್ಸ್ ಸಿಕ್ಕಿದ್ದು ಇಲ್ಲಿನ ಝಾಂಗ್ ಹುವಾಮೇ ಅನ್ನುವ ಹುಡುಗಿಗೆ. ಎರಡೇ ವರ್ಷದಲ್ಲಿ ಗಾಳಿ ತಿರುಗಿತು. 1982ರಲ್ಲಿ ಪಕ್ಕದ ಲಿಯುಶಿಯ 'ಎಂಟು ರಾಜರು' ಅಂತ ಕರೆಸಿಕೊಂಡ ವ್ಯಾಪಾರಿಗಳನ್ನು ಹಿಡಿದು ಜೈಲಿಗೆ ಹಾಕಿದರು. ಸ್ಕ್ರೂ ಮಾರುವವ ಒಬ್ಬ, ಕಾಯಿಲ್ ಮಾರುವವ ಒಬ್ಬ. 1984ರಲ್ಲಿ ತಪ್ಪಾಯಿತು ಅಂತ ಬಿಟ್ಟರು. ಇಂಥ ಕಡೆ ಖಾಸಗಿಯವನಿಗೆ ಬ್ಯಾಂಕ್ ಸಾಲ ಎಲ್ಲಿಂದ ಬರಬೇಕು? ಮತ್ತೆ ನೆಂಟರು, ಚೀಟಿ, ಬಾಯಿಮಾತಿನ ಸಾಲ.

2011ರಲ್ಲಿ ಚೀನಾದ ಕೇಂದ್ರ ಬ್ಯಾಂಕಿನ ವೆನ್‌ಝೌ ಶಾಖೆ ವಿಚಾರಿಸಿ ನೋಡಿತು. 89% ಮನೆಗಳವರು, ಸುಮಾರು 60% ಉದ್ಯಮಗಳು ಖಾಸಗಿ ಸಾಲದ ವ್ಯವಹಾರದಲ್ಲಿ ಇದ್ದವು. ಆದರೆ ಅಷ್ಟೊತ್ತಿಗೆ ದುಡ್ಡು ಮಷಿನ್ನಿಗೆ ಹೋಗುತ್ತಿರಲಿಲ್ಲ. ನಿವೇಶನಕ್ಕೆ, ಬಡ್ಡಿ ವ್ಯಾಪಾರಕ್ಕೆ ಹೋಗುತ್ತಿತ್ತು. ಮಾಲೀಕರು ಒಬ್ಬರ ಬ್ಯಾಂಕ್ ಸಾಲಕ್ಕೆ ಇನ್ನೊಬ್ಬರು ಜಾಮೀನು ಹಾಕಿದ್ದರು. ಬ್ಯಾಂಕುಗಳು ಕೈ ಬಿಗಿ ಮಾಡಿದವು. ಒಬ್ಬ ರಾತ್ರೋರಾತ್ರಿ ಪರಾರಿಯಾದ, ಅವನಿಗೆ ಜಾಮೀನು ಹಾಕಿದ್ದವನು ಸಿಕ್ಕಿಬಿದ್ದ, ಅವನ ಜಾಮೀನುದಾರನೂ ಬಿದ್ದ. ಅಕ್ಟೋಬರಿನಲ್ಲಿ ಪ್ರಧಾನಿ ವೆನ್ ಜಿಯಾಬಾವ್ ಸ್ವತಃ ಊರಿಗೆ ಬರಬೇಕಾಯಿತು. ಕೂಲಿಯವನಿಗೆ ಅಂಗಡಿಯವನು ಮುಂಗಡ ಕೊಡುತ್ತಿದ್ದ ಕಾಲಕ್ಕೂ ಇದಕ್ಕೂ ಏನು ವ್ಯತ್ಯಾಸ? ಅಲ್ಲಿ ಸಾಲ ಕೊಟ್ಟವನಿಗೆ ಸಾಲಗಾರ ಗೊತ್ತು. ವೆನ್‌ಝೌನಲ್ಲಿ ಸ್ನೇಹಿತನ ಸ್ನೇಹಿತನ ಮೂಲಕ, ಬಡ್ಡಿ ಆಸೆಗೆ, ಮುಖ ನೋಡದವನಿಗೆ ಸಾಲ ಹೋಗಿತ್ತು. ಬ್ಯಾಂಕಿನಷ್ಟು ದೊಡ್ಡದಾಗಿತ್ತು, ಬ್ಯಾಂಕಿಗಿರುವ ಲೆಕ್ಕಪತ್ರ ಇರಲಿಲ್ಲ.

ಗೆದ್ದವರಲ್ಲಿ ಜಾಣರು ಜಾಲದ ಹೊರಗೂ ಹೆಜ್ಜೆ ಇಟ್ಟಿದ್ದಾರೆ. ರಾಬರ್ಟ್ ಕುವೋಕ್ 1959ರಲ್ಲಿ ಮಲಯಾದಲ್ಲಿ ಸಕ್ಕರೆ ಕಾರ್ಖಾನೆ ಹಾಕಿದಾಗ ಪಾಲುದಾರರಾಗಿ ಕರೆದದ್ದು ಜಪಾನಿನ ಕಂಪನಿಗಳನ್ನು. ಎರಡನೇ ಮಹಾಯುದ್ಧ ಮುಗಿದು ಹದಿನಾಲ್ಕೇ ವರ್ಷ. ಅಲ್ಲಿನ ಚೀನೀಯರು ಜಪಾನೀಯರ ಕೈಯಲ್ಲಿ ಎಂಥ ಹಿಂಸೆ ಪಟ್ಟಿದ್ದರು ಅನ್ನುವುದು ಗೊತ್ತೇ ಇದೆ. ಆದರೆ ಯಂತ್ರ, ತಂತ್ರಜ್ಞಾನ ಇದ್ದದ್ದು ಅವರ ಹತ್ತಿರ. ಕುವೋಕ್ ಅವರ ಸಂಬಂಧಿಯೊಬ್ಬರು 1991ರಲ್ಲಿ ಸಿಂಗಪುರದಲ್ಲಿ ವಿಲ್ಮಾರ್ ಕಟ್ಟಿದರು, ಇಂಡೋನೇಷ್ಯಾದ ಪಾಲುದಾರರ ಜೊತೆ. ನಿಮ್ಮ ಅಡುಗೆಮನೆಯಲ್ಲಿ ಫಾರ್ಚೂನ್ ಎಣ್ಣೆ ಇದ್ದರೆ ಈ ಜಾಲದ ಒಂದು ಎಳೆ ನಿಮ್ಮ ಮನೆಗೂ ಬಂದಿದೆ. 1999ರಲ್ಲಿ ಅದಾನಿ ಮತ್ತು ವಿಲ್ಮಾರ್ ಸೇರಿ ಆ ಕಂಪನಿ ಮಾಡಿದವು.

ನಮ್ಮ ಊರಿನ ಹತ್ತಿರದ ಮಾತು ಕೇಳಬೇಕು ಅಂತ ನಿಮ್ಮಲ್ಲಿ ಕೆಲವರು ಕಾಯುತ್ತಿದ್ದೀರಿ. ದೇವನಹಳ್ಳಿ ಬಳಿ ಐಫೋನ್ ಮಾಡುವ ಫಾಕ್ಸ್‌ಕಾನ್ ತೈವಾನಿನದ್ದು. 1974ರಲ್ಲಿ ಟೆರ್ರಿ ಗೌ ತಾಯಿ ಕೊಟ್ಟ ದುಡ್ಡು ಹಾಕಿ ಟಿವಿಯ ಪ್ಲಾಸ್ಟಿಕ್ ಗುಂಡಿ ಮಾಡಲು ಶುರುಮಾಡಿದ ಕಂಪನಿ. 1988ರಲ್ಲಿ ಶೆಂಝೆನ್‌ಗೆ ಹೋಯಿತು. ತೈವಾನಿನ ಎಷ್ಟೋ ಬಿಡಿಭಾಗದವರೂ ಆ ಕಾಲದಲ್ಲಿ ಸಮುದ್ರ ದಾಟಿ ಅಲ್ಲಿಗೆ ಹೋದರು. ಭಾಷೆ ಒಂದೇ, ಫೋನ್ ಮಾಡಿದರೆ ಅರ್ಧ ಗಂಟೆಯಲ್ಲಿ ಸ್ಕ್ರೂ ಕೊಡುವವನು ಬಾಗಿಲಲ್ಲಿ. ಇಲ್ಲಿಗೆ ಬರುವಾಗ ಆ ಗುಂಪು ಹಾಗೆ ಹಿಂದೆಯೇ ಬರಲಿಲ್ಲ. 2020ರ ಏಪ್ರಿಲ್‌ನಿಂದ ಗಡಿ ದೇಶಗಳ ಹೂಡಿಕೆಗೆ ಕೇಂದ್ರ ಸರ್ಕಾರದ ಅನುಮತಿ ಬೇಕಾಯಿತು. ತೈವಾನಿನ ಎಷ್ಟೋ ಪೂರೈಕೆದಾರರ ಕಾರ್ಖಾನೆ, ಕಂಪನಿ ಇರುವುದು ಚೀನಾದಲ್ಲಿ, ಹಾಂಗ್‌ಕಾಂಗಿನಲ್ಲಿ. ಚೀನೀ ಎಂಜಿನಿಯರುಗಳ ವೀಸಾದ್ದೂ ಒಂದು ತಕರಾರಾಗಿತ್ತು. ನರಸಾಪುರದಲ್ಲಿ ತೈವಾನಿನ ವಿಸ್ಟ್ರಾನ್ ಇದ್ದ ಕಾರ್ಖಾನೆ 2023ರಲ್ಲಿ ಟಾಟಾ ಕೈಗೆ ಬಂತು. ಪೀಣ್ಯದಲ್ಲಿ, ಹೊಸೂರಿನಲ್ಲಿ ಅಚ್ಚು ಮಾಡುವವರು, ಸಣ್ಣ ಭಾಗ ಮಾಡುವವರು ನಮ್ಮಲ್ಲೂ ಬೇಕಾದಷ್ಟು ಇದ್ದಾರೆ. ಅವರಲ್ಲಿ ಎಷ್ಟು ಜನರಿಗೆ ದೇವನಹಳ್ಳಿಯಿಂದ ಆರ್ಡರು ಬರುತ್ತದೆ, ಬಂದರೆ ಹೊಸ ಮಷಿನ್ನಿಗೆ ಅವರು ದುಡ್ಡು ಎಲ್ಲಿಂದ ತರುತ್ತಾರೆ ಅನ್ನುವುದನ್ನು ನಾನು ಮುಂದಿನ ಕೆಲವು ವರ್ಷ ಗಮನಿಸಬೇಕು ಅಂದುಕೊಂಡಿದ್ದೇನೆ.